ಲೂನಾಳ ಚಾವಣಿ

ಮೊನ್ನೆ ಊರಿಗೆ ಹೋದಾಗ ಅಟ್ಟದ ಮೇಲೆ ಹ್ಯಾರಿ ಪಾಟರ್ ಸರಣಿಯ ಕೊನೇ ಪುಸ್ತಕ ಸಿಕ್ತು. 2007ರಲ್ಲಿ ಬಂದದ್ದು. ನಾನು ಓದಿದ್ದು ಇಂಜಿನಿಯರಿಂಗ್ ಹಾಸ್ಟೆಲಿನಲ್ಲಿ, ಪರೀಕ್ಷೆಯ ಹಿಂದಿನ ರಾತ್ರಿ! ಮುಂದೇನಾಯ್ತು ಅನ್ನೋ ಅವಸರದಲ್ಲಿ ಒಂದು ಜಾಗ ಹಾರಿಸಿಬಿಟ್ಟಿದ್ದೆ.

ಲೂನಾ ತನ್ನ ಕೋಣೆಯ ಚಾವಣಿಯಲ್ಲಿ ಐದು ಮುಖ ಬರೆದಿರ್ತಾಳೆ. ಹ್ಯಾರಿ, ರಾನ್, ಹರ್ಮೈನಿ, ಜಿನ್ನಿ, ನೆವಿಲ್. ತನ್ನದಿಲ್ಲ. ಹಾಗ್ವಾರ್ಟ್ಸ್‌ನ ಚಿತ್ರಗಳ ಹಾಗೆ ಇವು ಅಲ್ಲಾಡಲ್ಲ. ಆದ್ರೂ ಉಸಿರಾಡ್ತಿವೆ ಅಂತ ಹ್ಯಾರಿಗೆ ಅನ್ಸುತ್ತೆ. ಮುಖಗಳನ್ನು ಬೆಸೆಯೋ ಚಿನ್ನದ ಸರಪಳಿಯನ್ನ ಸರಿಯಾಗಿ ನೋಡಿದ್ರೆ, ಅದು ‘ಸ್ನೇಹಿತರು’ ಅನ್ನೋ ಒಂದೇ ಪದ, ಸಾವಿರ ಸಲ ಬರೆದದ್ದು!

ಆದ್ರೆ ಕೆಳಗೆ ನೆಲದ ತುಂಬ ಧೂಳು. ಲೂನಾ ಅಲ್ಲಿಲ್ಲ, ಎಷ್ಟೋ ವಾರಗಳಿಂದ. ಅವಳಿಗೆ ತಾವೆಷ್ಟು ಬೇಕಾದವರು ಅಂತ ಹ್ಯಾರಿಗೆ ಗೊತ್ತಾಗೋದು ಅವಳಿಲ್ಲದಾಗ.

ನಮ್ಮ ರೂಮಿನ ಗೋಡೆ ಮೇಲೂ ಒಬ್ಬ ಸ್ಕೆಚ್ ಪೆನ್ನಲ್ಲಿ ನಮ್ಮ ಮೂವರ ಮುಖ ಬರೆದಿದ್ದ. ಅವನೂ ತನ್ನದು ಬಿಟ್ಟಿದ್ದ. ರೂಮ್ ಖಾಲಿ ಮಾಡೋವಾಗ ದಂಡ ಬೀಳುತ್ತೆ ಅಂತ ಒದ್ದೆ ಬಟ್ಟೆ ಹಿಡಿದು ತಿಕ್ಕಿ ತಿಕ್ಕಿ ಅಳಿಸಿದ್ದು ನಾನೇ. ಅವನು ಏನೂ ಅನ್ನಲಿಲ್ಲ, ಬಕೆಟ್ ನೀರು ತಂದುಕೊಟ್ಟ.

ಮಾತಾಡಿ ಆರು ವರ್ಷ ಆಯ್ತು. ನಿನ್ನೆ ಫೋನ್ ಮಾಡಿದೆ, ಎತ್ತಲಿಲ್ಲ.

ಇವತ್ತು ಮತ್ತೆ ಮಾಡ್ತೀನಿ...