ಅರಸೀಕೆರೆಯ ಕಲ್ಲಿನ ನಕ್ಷತ್ರ

ಅರಸೀಕೆರೆ ಎಂದೊಡನೆ ಹೆಚ್ಚಿನವರಿಗೆ ನೆನಪಾಗುವುದು ರೈಲ್ವೆ ಜಂಕ್ಷನ್, ಇಲ್ಲವೇ ಕೊಬ್ಬರಿ. ಬೇಲೂರು-ಹಳೇಬೀಡಿಗೆ ಹೊರಟ ಶಾಲಾ ಪ್ರವಾಸದ ಬಸ್ಸು ಇಲ್ಲಿ ನಿಂತರೆ ಅದು ಕಾಫಿ-ತಿಂಡಿಗೆ. ಊರೊಳಗೇ ಇರುವ ಈಶ್ವರ ದೇವಾಲಯದತ್ತ ಮಕ್ಕಳನ್ನು ಕರೆದೊಯ್ಯುವವರು ಕಡಿಮೆ. 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರಗಳು ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು, ಅರಸೀಕೆರೆ ಸೇರಲಿಲ್ಲ. ಆದರೆ ಹೊಯ್ಸಳ ಶಿಲ್ಪಿಗಳ ಲೆಕ್ಕಾಚಾರ ತಿಳಿಯಬೇಕೆನ್ನುವ ವಿದ್ಯಾರ್ಥಿ ಮೊದಲು ನೋಡಬೇಕಾದ ಗುಡಿ ಇದು.

ವಿಷ್ಣುವರ್ಧನ ಬೇಲೂರಿನ ಚೆನ್ನಕೇಶವನನ್ನು ಪ್ರತಿಷ್ಠಾಪಿಸಿದ್ದು ಕ್ರಿ.ಶ. 1117ರಲ್ಲಿ. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಕೆಲಸ 1121ರ ಸುಮಾರಿಗೆ ಆರಂಭವಾಯಿತು. ಅರಸೀಕೆರೆಯ ಗುಡಿ ಇವಕ್ಕಿಂತ ಒಂದು ಶತಮಾನ ಕಿರಿಯದು, 1220ರ ಸುಮಾರಿನದು. ಇಮ್ಮಡಿ ವೀರಬಲ್ಲಾಳನ ದಂಡನಾಯಕ ರೇಚರಸ ಇದೇ ಊರಿನಲ್ಲಿ ಸಹಸ್ರಕೂಟ ಜಿನಾಲಯ ಕಟ್ಟಿಸಿದ್ದೂ ಆಗಲೇ. ಅರಸಿಯ ಹೆಸರಿನ ಕೆರೆ, ಒಂದು ಶಿವಾಲಯ, ಒಂದು ಬಸದಿ: ಎಂಟು ಶತಮಾನದ ಹಿಂದಿನ ಊರಿನ ಚಿತ್ರ ಕಣ್ಣಿಗೆ ಕಟ್ಟಲು ಇಷ್ಟು ಸಾಕು.

ಈ ಗುಡಿಯಲ್ಲಿ ಶಿಲ್ಪಗಳ ಜಾತ್ರೆಯಿಲ್ಲ. ಬೇಲೂರಿನ ಮದನಿಕೆಯರನ್ನೋ ಹಳೇಬೀಡಿನ ಆನೆಗಳ ಸಾಲನ್ನೋ ಇಲ್ಲಿ ಹುಡುಕಿದವರಿಗೆ ನಿರಾಶೆಯೇ. ಇದರ ಬೆರಗೆಲ್ಲ ಆಕಾರದಲ್ಲಿದೆ. ಗರ್ಭಗುಡಿಯ ಹೊರಗೋಡೆ ಹದಿನಾರು ಮೊನೆಗಳ ನಕ್ಷತ್ರ. ಮುಂದಿನ ತೆರೆದ ಮಂಟಪವೂ ನಕ್ಷತ್ರಾಕಾರದ್ದೇ. ಅದರ ಮೇಲೆ ಗುಮ್ಮಟದಂಥ ಕಲ್ಲಿನ ಛತ್ತು. ಬೇಲೂರು, ಹಳೇಬೀಡುಗಳ ಮುಖ್ಯ ಗುಡಿಗಳಿಗೆ ಇಂದು ಶಿಖರವಿಲ್ಲ. ಇಲ್ಲಿ ಶಿಖರ ಉಳಿದಿರುವುದರಿಂದ ನಕ್ಷತ್ರ ಬುಡದಿಂದ ಮೇಲೇರಿ ಕಿರಿದಾಗುತ್ತಾ ಹೋಗುವುದನ್ನು ಕಣ್ಣಾರೆ ಕಾಣಬಹುದು.

ಹದಿನಾರು ಮೊನೆ ಹೇಗೆ ಬಂತು? ಮಕ್ಕಳು ಮನೆಯಲ್ಲೇ ಮಾಡಿ ನೋಡಬಹುದು. ಒಂದೇ ಅಳತೆಯ ನಾಲ್ಕು ರಟ್ಟಿನ ಚೌಕ ಕತ್ತರಿಸಿ, ನಡುವೆ ಗುಂಡುಸೂಜಿ ಚುಚ್ಚಿ, ಒಂದೊಂದನ್ನೂ ಅದರ ಕೆಳಗಿನದಕ್ಕಿಂತ 22.5 ಡಿಗ್ರಿ ಹೆಚ್ಚು ತಿರುಗಿಸಿ ಇಟ್ಟರಾಯಿತು. ಲಂಬಕೋನವನ್ನು ಎರಡು ಸಲ ಅರ್ಧ ಮಾಡಿದರೆ ಸಿಗುವ ಕೋನವಿದು. ಕೋನಮಾಪಕ ಬೇಡ, ಹಗ್ಗ ಮತ್ತು ಗೂಟ ಸಾಕು. ಅರಸೀಕೆರೆಯ ಶಿಲ್ಪಿ ಇಷ್ಟಕ್ಕೇ ತೃಪ್ತನಾಗಲಿಲ್ಲ. ಇಲ್ಲಿಯ ಮೊನೆಗಳೆಲ್ಲ ಒಂದೇ ತರಹ ಇಲ್ಲ. ಬೇರೆ ಬೇರೆ ಬಗೆಯ ಮೊನೆಗಳನ್ನು ಹೆಣೆದಿದ್ದಾನೆ. ಹೊಯ್ಸಳ ಗುಡಿಗಳಲ್ಲೇ ಅತ್ಯಂತ ಜಟಿಲವಾದ ತಳವಿನ್ಯಾಸ ಇದರದು ಎಂದು ಕಲಾ ಇತಿಹಾಸಕಾರ ಗೆರಾರ್ಡ್ ಫೂಕೆಮಾ ಗುರುತಿಸಿದ್ದು ಸುಮ್ಮನೆ ಅಲ್ಲ. ಇಂಥ ಗೋಡೆಯ ಮೇಲೆ ಬಿಸಿಲು ಒಂದೇ ಸಮ ಬೀಳುವುದಿಲ್ಲ. ಒಂದು ಮೊನೆ ಬೆಳಗಿದರೆ ಪಕ್ಕದ್ದು ನೆರಳು. ಗಂಟೆ ಕಳೆದಂತೆ ಅದಲುಬದಲು.

ಇಂಥ ಕೆಲಸಕ್ಕೆ ಒಗ್ಗಿದ್ದು ಬಳಪದ ಕಲ್ಲು. ಸ್ಲೇಟಿನ ಮೇಲೆ ಬರೆಯುವ ಬಳಪದ ನೆಂಟನೇ ಇದು. ಗಣಿಯಿಂದ ತೆಗೆದಾಗ ಮೆದು. ಉಳಿಗೆ ಸುಲಭವಾಗಿ ಮಣಿಯುತ್ತದೆ. ಹೊಯ್ಸಳರು ಹೀಗೆ ಕಟ್ಟುತ್ತಿದ್ದ ಕಾಲದಲ್ಲೇ ದೂರದ ನಾರ್ವೆಯ ಟ್ರಾಂಡ್‌ಹೈಮ್‌ನಲ್ಲಿ ನಿದಾರೋಸ್ ಎಂಬ ದೊಡ್ಡ ಚರ್ಚು ಇದೇ ಜಾತಿಯ ಕಲ್ಲಿನಲ್ಲಿ ಏಳುತ್ತಿತ್ತು. ಅಲ್ಲಿಯ ಶಿಲ್ಪಿಗೆ ಬೇಲೂರು ಗೊತ್ತಿಲ್ಲ, ಇಲ್ಲಿಯವನಿಗೆ ನಾರ್ವೆ ಗೊತ್ತಿಲ್ಲ. ಕಲ್ಲಿನ ಗುಣ ಮಾತ್ರ ಇಬ್ಬರಿಗೂ ಗೊತ್ತಿತ್ತು. ಹಲವು ಸಲ ಬೆಂಕಿಗೆ ತುತ್ತಾದ ಆ ಚರ್ಚಿನ ಜೀರ್ಣೋದ್ಧಾರ 1869ರಲ್ಲಿ ಆರಂಭವಾಯಿತು. ಸವೆದ ಕಲ್ಲಿನ ಜಾಗಕ್ಕೆ ಹೊಸದನ್ನು ಕೆತ್ತಿ ಕೂರಿಸುವ ಕುಶಲಕರ್ಮಿಗಳು ಅಲ್ಲಿ ಇಂದಿಗೂ ಇದ್ದಾರೆ.

ಉಳಿಗೆ ಮಣಿಯುವ ಕಲ್ಲು ಕಿಡಿಗೇಡಿಯ ಮೊಳೆಗೂ ಮಣಿಯುತ್ತದೆ. ಬೇಲೂರಿನ ಶಿಲ್ಪಿಗಳಲ್ಲಿ ಬಳ್ಳಿಗಾವಿಯ ದಾಸೋಜ, ಅವನ ಮಗ ಚಾವಣ ತಮ್ಮ ಕೃತಿಗಳ ಕೆಳಗೆ ಹೆಸರು ಬರೆದುಕೊಂಡಿದ್ದಾರೆ. ಅವರಿಗೆ ಆ ಹಕ್ಕಿತ್ತು. ಪ್ರವಾಸಕ್ಕೆ ಬಂದವರು ಹಳೆಯ ಗುಡಿಗಳ ಗೋಡೆಯ ಮೇಲೆ ಗೀಚುವ ಹೆಸರಿಗೆ ಯಾವ ಹಕ್ಕು? ರಜೆಯಲ್ಲಿ ಮಕ್ಕಳನ್ನು ಕರೆತರುವ ತಂದೆ-ತಾಯಂದಿರು ಬಸ್ಸಿನಿಂದ ಇಳಿಯುವ ಮೊದಲೇ ಈ ಮಾತು ಹೇಳಿಬಿಡುವುದು ಒಳ್ಳೆಯದು.

ಗುಡಿ ಪೂರ್ವಾಭಿಮುಖವಾಗಿರುವುದರಿಂದ ಮಂಟಪ ನೋಡಲು ಬೆಳಗಿನ ಹೊತ್ತೇ ಸರಿ. ಅದನ್ನು ಮುಗಿಸಿಕೊಂಡು ಜಾವಗಲ್ ಮಾರ್ಗವಾಗಿ ಹಳೇಬೀಡಿಗೆ ಹೋಗಬಹುದು. ಅಲ್ಲಿಂದ ಬೇಲೂರು 16 ಕಿ.ಮೀ. ಜೊತೆಗೆ ಒಂದು ನೋಟ್‌ಬುಕ್, ಪೆನ್ಸಿಲ್ ಇರಲಿ. ಮೂರೂ ಕಡೆ ಗುಡಿಗೆ ಒಂದು ಸುತ್ತು ಹಾಕಿ, ಗೋಡೆ ಎಲ್ಲಿ ತಿರುಗುತ್ತದೆ ಎಂದು ಗೆರೆ ಎಳೆಯುತ್ತಾ ಹೋದರೆ ನಕ್ಷೆ ತಾನಾಗಿ ಮೂಡುತ್ತದೆ.