ಮರಗಳ ಲೆಕ್ಕ

ಮಗಳು ಆರನೇ ತರಗತಿಯಲ್ಲಿದ್ದಾಗ ಶಾಲೆಯಲ್ಲಿ ಪ್ರಾಚೀನ ಗ್ರೀಸಿನ ಪಾಠ ಶುರುವಾಯಿತು. ಇಲ್ಲಿ ನ್ಯೂಜೆರ್ಸಿಯ ಮಕ್ಕಳಿಗೆ ಗ್ರೀಕ್ ದೇವತೆಗಳು ಹೊಸಬರಲ್ಲ. ಪರ್ಸಿ ಜಾಕ್ಸನ್ ಕಥೆಗಳನ್ನು ಓದಿ ಓದಿ ಝ್ಯೂಸ್, ಪೊಸೈಡನ್, ಅಥೀನಾ ಎಲ್ಲರೂ ಅವರಿಗೆ ಪಕ್ಕದ ಮನೆಯವರಷ್ಟು ಪರಿಚಿತರು. ಪರಿಚಯವಿಲ್ಲದವನು ನಾನು. ಬಿ.ಕಾಂ., ಆಮೇಲೆ ಸಿ.ಎ. ಎಂದು ಓದಿದವನಿಗೆ ಗ್ರೀಕ್ ಸಾಹಿತ್ಯವೆಂದರೆ, ಬಿ.ಎಂ.ಶ್ರೀ ಅವರ 'ಅಶ್ವತ್ಥಾಮನ್' ನಾಟಕಕ್ಕೆ ಮೂಲ ಸೋಫೋಕ್ಲಿಸನ 'ಏಜಾಕ್ಸ್' ಎಂಬ ಒಂದು ಅಂಕದ ಉತ್ತರ, ಅಷ್ಟೆ.

ಒಬ್ಬ ವೀರನನ್ನು ಆರಿಸಿಕೊಂಡು ಅವನು ಯಾಕೆ ವೀರ ಎಂದು ಮಗಳು ಒಂದು ಪುಟ ಬರೆಯಬೇಕಿತ್ತು. ಅವಳು ಒಡಿಸ್ಯೂಸನನ್ನು ಆರಿಸಿಕೊಂಡಳು. ಮೂರೇ ದಿನಕ್ಕೆ ನನ್ನ ಬಳಿ ಬಂದು, "ಅಪ್ಪಾ, ಇವನು ಮನೆಗೆ ಬರೋಕೆ ಹತ್ತು ವರ್ಷ ಯಾಕೆ ತಗೊಂಡ?" ಎಂದು ಕೇಳಿದಳು. ಹದಿನೇಳು ವರ್ಷದ ಹಿಂದೆ "ಎರಡೇ ವರ್ಷ" ಎಂದು ಹೇಳಿ ಊರು ಬಿಟ್ಟವನಿಗೆ ಆ ಪ್ರಶ್ನೆ ಸ್ವಲ್ಪ ಚುಚ್ಚಿತು. ಲೈಬ್ರರಿಗೆ ಹೋಗಿ ಎಮಿಲಿ ವಿಲ್ಸನ್ 2017ರಲ್ಲಿ ಪ್ರಕಟಿಸಿದ 'ಒಡಿಸ್ಸಿ'ಯ ಇಂಗ್ಲಿಷ್ ಅನುವಾದ ತಂದೆ.

ಕಾವ್ಯ ಓದುವ ಅಭ್ಯಾಸ ನನಗಿಲ್ಲ. ಅದಕ್ಕೇ ಏನೋ, ಮೊದಲು ಕಣ್ಣಿಗೆ ಬಿದ್ದದ್ದು ಅಂಕಿಗಳು. ಒಡಿಸ್ಯೂಸ್ ಟ್ರಾಯ್‌ಗೆ ಒಯ್ದದ್ದು 12 ಹಡಗು. ಮನೆಗೆ ಬಂದಾಗ ಉಳಿದದ್ದು ಸೊನ್ನೆ. ಯುದ್ಧಕ್ಕೆ 10 ವರ್ಷ, ಮರಳುವುದಕ್ಕೆ 10. ಅವನು ಸತ್ತನೆಂದು ತಿಳಿದು ಹೆಂಡತಿ ಪೆನೆಲೊಪಿಯನ್ನು ಮದುವೆಯಾಗಲು ಮನೆಯಲ್ಲಿ ಠಿಕಾಣಿ ಹೂಡಿದವರ ಪಟ್ಟಿಯನ್ನು ಮಗ ಟೆಲಿಮಾಕಸ್ ಊರುವಾರು ಕೊಡುತ್ತಾನೆ: 52, 24, 20, 12. ಕೂಡಿ ನೋಡಿದೆ, 108. ಅವರೆಲ್ಲ ಕೂತು ತಿನ್ನುತ್ತಿದ್ದುದರ ಲೆಕ್ಕವೂ ಇದೆ. ಹಂದಿ ಕಾಯುವ ಯೂಮಿಯಸ್‌ನ ದೊಡ್ಡಿಯಲ್ಲಿ 600 ಹೆಣ್ಣು ಹಂದಿಗಳಿದ್ದರೆ ಗಂಡು 360 ಮಾತ್ರ, ಯಾಕೆಂದರೆ ದಿನವೂ ಕೊಬ್ಬಿದ್ದೊಂದನ್ನು ಔತಣಕ್ಕೆ ಕಳಿಸಬೇಕು. ದಾಸ್ತಾನು ಯಾಕೆ ಕರಗಿದೆ ಎಂಬುದಕ್ಕೆ ಇಷ್ಟು ನೇರವಾದ ಷರಾ ನಾನು ಆಡಿಟ್ ಮಾಡಿದ ಕಂಪನಿಗಳಲ್ಲೂ ಸಿಕ್ಕಿದ್ದು ಕಡಿಮೆ.

ಇನ್ನು ಮಗಳ ಪ್ರಶ್ನೆ. ಹತ್ತು ವರ್ಷದಲ್ಲಿ ಏಳು ಕ್ಯಾಲಿಪ್ಸೊ ಎಂಬ ದೇವತೆಯ ದ್ವೀಪದಲ್ಲೇ ಕಳೆದುಹೋಗಿವೆ. ಇನ್ನೊಂದು ಸರ್ಸಿ ಎಂಬ ಮಾಯಾವಿಯ ಮನೆಯಲ್ಲಿ. ಒಕ್ಕಣ್ಣ ರಾಕ್ಷಸ, ಬಿರುಗಾಳಿ, ಪೊಸೈಡನ್‌ನ ಸಿಟ್ಟು ಎಲ್ಲಕ್ಕೂ ಸೇರಿ ಉಳಿಯುವುದು ಎರಡೇ ವರ್ಷ. ಕ್ಯಾಲಿಪ್ಸೊ ಅವನಿಗೆ ಸಾವೇ ಇಲ್ಲದ ಬದುಕು ಕೊಡುತ್ತೇನೆ, ಇಲ್ಲೇ ಇರು ಎನ್ನುತ್ತಾಳೆ. ಊಟ, ಬಟ್ಟೆ, ಹಾಸಿಗೆ, ಯಾವುದಕ್ಕೂ ಕೊರತೆಯಿಲ್ಲ. ಅವನು ಮಾತ್ರ ಹಗಲೆಲ್ಲ ಸಮುದ್ರದ ದಂಡೆಯಲ್ಲಿ ಕೂತು ಅಳುತ್ತಾನೆ. ಗ್ರೀನ್ ಕಾರ್ಡಿನ ಸರದಿಯಲ್ಲಿ ನಿಂತು ದಸರಾ ಫೋಟೋ ನೋಡಿ ಕಣ್ಣೊರೆಸಿಕೊಳ್ಳುವ ನಮ್ಮಲ್ಲಿ ಅನೇಕರಿಗೆ ಆ ದ್ವೀಪ ಚೆನ್ನಾಗಿ ಗೊತ್ತು.

ಕೊನೆಗೂ ಫಿಯೇಶಿಯಾದ ನಾವಿಕರು ನಿದ್ದೆಯಲ್ಲಿದ್ದ ಅವನನ್ನು, ಕೊಟ್ಟ ಉಡುಗೊರೆಗಳ ಸಮೇತ, ಇಥಾಕಾದ ದಂಡೆಯಲ್ಲಿ ಇಳಿಸಿ ಹೋಗುತ್ತಾರೆ. ಎದ್ದವನಿಗೆ ತನ್ನ ಊರೇ ಗುರುತು ಸಿಗುವುದಿಲ್ಲ. ಅಥೀನಾ ಮಂಜು ಕವಿಸಿದ್ದಾಳೆ. ಆಗ ಅವನು ಮೊದಲು ಮಾಡುವ ಕೆಲಸವೇನು? ಸಾಮಾನು ಎಣಿಸುವುದು. ಕೊಪ್ಪರಿಗೆ, ಚಿನ್ನ, ಬಟ್ಟೆ, ಒಂದೂ ಕಡಿಮೆಯಿಲ್ಲ. ಎಣಿಸಿ ಮುಗಿದ ಮೇಲೆ ಊರಿಗಾಗಿ ಅಳುತ್ತಾನೆ. ಇದನ್ನು ಓದಿ ನಾನು ಒಬ್ಬನೇ ನಕ್ಕೆ. ಪ್ರತಿ ಸಲ ಬೆಂಗಳೂರಲ್ಲಿ ಇಳಿದಾಗ ನಾನು ಬೆಲ್ಟಿನ ಮುಂದೆ ನಿಂತು ಎಂಟು ಸೂಟ್‌ಕೇಸ್ ಬಂತೇ ಎಂದು ಎಣಿಸುತ್ತೇನೆ. ಊರು ಗುರುತು ಸಿಗದಷ್ಟು ಬದಲಾಗಿದೆ ಎಂದು ಅನ್ನಿಸುವುದು ಟ್ಯಾಕ್ಸಿ ಹತ್ತಿದ ಮೇಲೆ.

ನಗು ನಿಂತದ್ದು ಸತ್ತವರ ಲೋಕದ ಅಧ್ಯಾಯದಲ್ಲಿ. ಅಲ್ಲಿ ಅವನಿಗೆ ತಾಯಿ ಆಂಟಿಕ್ಲಿಯಾ ಎದುರಾಗುತ್ತಾಳೆ. ಅವನು ಯುದ್ಧಕ್ಕೆ ಹೊರಟಾಗ ಬದುಕಿದ್ದವಳು. ಹೇಗೆ ಸತ್ತೆ ಎಂದು ಕೇಳಿದರೆ, ಕಾಯಿಲೆಯಿಂದ ಅಲ್ಲ, ನಿನ್ನ ಹಂಬಲದಿಂದ ಎನ್ನುತ್ತಾಳೆ. ಮೂರು ಸಲ ಅಪ್ಪಿಕೊಳ್ಳಲು ಹೋಗುತ್ತಾನೆ. ಮೂರು ಸಲವೂ ನೆರಳಿನಂತೆ ಕೈಯಿಂದ ಜಾರಿ ಹೋಗುತ್ತಾಳೆ.

2020ರ ಏಪ್ರಿಲ್‌ನಲ್ಲಿ ಅಮ್ಮ ತೀರಿಕೊಂಡಾಗ ಭಾರತಕ್ಕೆ ವಿಮಾನಗಳೇ ನಿಂತಿದ್ದವು. ಅಣ್ಣ ಫೋನ್ ಹಿಡಿದುಕೊಂಡು ತೋರಿಸಿದ. ತೀರ್ಥಹಳ್ಳಿ ಕಡೆಯ ನಮ್ಮ ಹಳ್ಳಿಯಲ್ಲಿ ಸಿಗ್ನಲ್ ನಿಲ್ಲುವುದಿಲ್ಲ. ಮೂರು ಸಲ ಕರೆ ಕಡಿಯಿತು. ಪುಸ್ತಕ ಮುಚ್ಚಿಟ್ಟೆ, ಮತ್ತೆ ತೆರೆದದ್ದು ಒಂದು ವಾರದ ಮೇಲೆ.

ಆ ಕಾವ್ಯದ ಕೊನೆಯ, 24ನೆಯ ಅಧ್ಯಾಯದ ಬಗ್ಗೆ ಹಳೆಯ ತಕರಾರಿದೆ. ಅಲೆಕ್ಸಾಂಡ್ರಿಯಾದ ವಿದ್ವಾಂಸರಾದ ಅರಿಸ್ಟೊಫನೀಸ್ ಮತ್ತು ಅರಿಸ್ಟಾರ್ಕಸ್, 23ನೆಯದರಲ್ಲಿ ಗಂಡ ಹೆಂಡತಿ ಒಂದಾಗುವಲ್ಲಿಗೇ 'ಒಡಿಸ್ಸಿ' ಮುಗಿಯುತ್ತದೆ ಎಂದಿದ್ದರಂತೆ. ವಿದ್ವಾಂಸರ ಮಾತು ನಾನು ಎದುರಾಡಲಾರೆ. ಆದರೆ ಲೆಕ್ಕಿಗನಾಗಿ ಹೇಳುವುದಾದರೆ, ಆ ಅಧ್ಯಾಯ ಇಲ್ಲದಿದ್ದರೆ ಪುಸ್ತಕ ಟ್ಯಾಲಿ ಆಗುವುದಿಲ್ಲ.

ಊರಿಗೆ ಬಂದ ಒಡಿಸ್ಯೂಸನನ್ನು ಮುದಿ ನಾಯಿ ಆರ್ಗೋಸ್ ಕಂಡ ಕೂಡಲೇ ಗುರುತಿಸುತ್ತದೆ. ಸಾಕಿದ ದಾದಿ ಕಾಲು ತೊಳೆಯುವಾಗ ತೊಡೆಯ ಗಾಯದ ಕಲೆಯಿಂದ ಗುರುತಿಸುತ್ತಾಳೆ. ಪೆನೆಲೊಪಿಗೆ ಬೇಕಾದದ್ದು ಮಂಚದ ಗುಟ್ಟು: ಬೇರು ಬಿಟ್ಟ ಆಲಿವ್ ಮರದ ಬೊಡ್ಡೆಯನ್ನೇ ಕಾಲಾಗಿಸಿ ಮಾಡಿದ ಮಂಚ ಅದು, ಕದಲಿಸಲಾಗದು. ಉಳಿದವನು ಅಪ್ಪ, ಲೇರ್ಟೀಸ್. ಮುದುಕ ಊರಾಚೆಯ ತೋಟದಲ್ಲಿ ತೇಪೆ ಹಾಕಿದ ಅಂಗಿ ತೊಟ್ಟು, ಮುಳ್ಳು ತಾಗದಂತೆ ಕೈಗೆ ಕವಚ ಹಾಕಿಕೊಂಡು ಗಿಡದ ಬುಡ ಅಗೆಯುತ್ತಿದ್ದಾನೆ. ಮಗ ಹತ್ತಿರ ಹೋಗಿ ನಿಜ ಹೇಳುವುದಿಲ್ಲ. ಬೇರೆ ಊರಿನವನೆಂದು, ನಿಮ್ಮ ಮಗ ಒಮ್ಮೆ ನಮ್ಮ ಮನೆಗೆ ಬಂದಿದ್ದನೆಂದು ಕಥೆ ಕಟ್ಟುತ್ತಾನೆ. ಮುದುಕ ಎರಡು ಕೈಯಲ್ಲೂ ಮಣ್ಣು ತುಂಬಿಕೊಂಡು ನರೆತ ತಲೆಯ ಮೇಲೆ ಸುರಿದುಕೊಳ್ಳುತ್ತಾನೆ. ಆಗ ಮಗನ ಮೂಗು ಚುರುಗುಟ್ಟುತ್ತದೆ. ನಾನೇ ಅವನು ಎಂದು ಅಪ್ಪನನ್ನು ತಬ್ಬಿಕೊಳ್ಳುತ್ತಾನೆ.

ಅಪ್ಪ ಗುರುತು ಕೇಳುತ್ತಾನೆ. ಗಾಯದ ಕಲೆ ತೋರಿಸಿಯೂ ಒಡಿಸ್ಯೂಸ್ ನಿಲ್ಲಿಸುವುದಿಲ್ಲ. ನಾನು ಚಿಕ್ಕವನಿದ್ದಾಗ ನಿನ್ನ ಹಿಂದೆ ಓಡಾಡಿ ಒಂದೊಂದೇ ಮರದ ಹೆಸರು ಕೇಳುತ್ತಿದ್ದೆ, ನೀನು ನನಗೆಂದು ಕೊಟ್ಟ ಮರಗಳಿವು ಎಂದು ಎಣಿಸುತ್ತಾನೆ: ಮರಸೇಬು 13, ಸೇಬು 10, ಅಂಜೂರ 40, ದ್ರಾಕ್ಷಿ ಬಳ್ಳಿಯ ಸಾಲು 50. ಮುದುಕನ ಮೊಣಕಾಲು ಕುಸಿಯುತ್ತದೆ.

ಆರ್ಟಿಕಲ್‌ಶಿಪ್ ಮಾಡುವಾಗ ಮಾರ್ಚ್ 31ರ ರಾತ್ರಿ ಚಿಕ್ಕಮಗಳೂರಿನ ಗೋದಾಮಿನಲ್ಲಿ ಕಾಫಿ ಮೂಟೆ ಎಣಿಸಿದವನು ನಾನು. ಇಲ್ಲಿ ಡಿಸೆಂಬರ್ 31ಕ್ಕೆ ಬೇರೆಯವರ ಸರಕು ಎಣಿಸುತ್ತೇನೆ. ಎಣಿಕೆ ಅಂದರೆ ಕಳ್ಳತನ ಹಿಡಿಯುವ ದಾರಿ ಎಂದೇ ತಿಳಿದಿದ್ದೆ. ಅದು ಮಗನ ಗುರುತೂ ಆಗಬಹುದು ಎಂದು ಯಾವ ಪಠ್ಯದಲ್ಲೂ ಇರಲಿಲ್ಲ.

ಆ ಜುಲೈಯಲ್ಲಿ ಮಗಳನ್ನು ಕರೆದುಕೊಂಡು ಊರಿಗೆ ಹೋದೆ. ಅಪ್ಪಯ್ಯನಿಗೆ ಎಂಬತ್ತಮೂರು. ಮರೆವಿನ ಕಾಯಿಲೆ ಎಂದು ಅಣ್ಣ ಹೇಳುತ್ತಲೇ ಇದ್ದ. ಫೋನಿನಲ್ಲಿ ಅಷ್ಟು ತಿಳಿದಿರಲಿಲ್ಲ. ಜಗಲಿಯಲ್ಲಿ ಕೂತಿದ್ದವರು ಮಳೆಯಲ್ಲಿ ಒದ್ದೆಯಾಗಿ ಬಂದ ನನ್ನನ್ನು ನೋಡಿ, "ಬನ್ನಿ, ಕೂತ್ಕೊಳ್ಳಿ. ನಿಮಗೆ ಯಾವೂರಾಯ್ತು?" ಎಂದರು. ನಲವತ್ತೇಳು ವರ್ಷದಲ್ಲಿ ಅಪ್ಪಯ್ಯ ನನ್ನನ್ನು ಬಹುವಚನದಲ್ಲಿ ಮಾತಾಡಿಸಿದ್ದು ಅದೇ ಮೊದಲು.

ಹೆಸರು ಹೇಳಿದೆ. ಮೊಣಕಾಲಿನ ಕಲೆ ತೋರಿಸಿದೆ. ಅವರ ಕತ್ತಿಯಿಂದಲೇ ಆದ ಗಾಯ ಅದು. "ಅಯ್ಯೋ ಪಾಪ" ಎಂದರು. ಎರಡು ದಿನ ಹೀಗೇ ಹೋಯಿತು. ಮೂರನೆಯ ದಿನ ಸಂಜೆ ಪಕ್ಕದಲ್ಲಿ ಕೂತು, ಚಿಕ್ಕಂದಿನಲ್ಲಿ ಅವರ ಹಿಂದೆ ತೋಟ ಸುತ್ತುತ್ತ ಬಾಯಿಪಾಠ ಮಾಡಿದ್ದನ್ನು ಹೇಳಲು ಶುರುಮಾಡಿದೆ. "ಬಾವಿ ಹತ್ರ ತೆಂಗು ಏಳು. ದರೆ ಮೇಲೆ ಬಕ್ಕೆ ಹಲಸು ನಾಲ್ಕು. ಹಳ್ಳದ ಅಂಚಿಗೆ ಜೀರಿಗೆ ಮಿಡಿ ಎರಡು. ಮುರುಗಲು ಮೂರು..."

"ತೆಂಗು ಏಳಲ್ಲ, ಆರು," ಎಂದರು ಅಪ್ಪಯ್ಯ. "ಒಂದಕ್ಕೆ ಸಿಡಿಲು ಬಡೀತಲ್ಲ."

ನಾನು ಉಸಿರು ಹಿಡಿದು ಕೂತೆ. ಅವರು ಬೆರಳು ಮಡಚುತ್ತ ಒಂದೊಂದನ್ನೂ ಸರಿಪಡಿಸಿದರು. ಆಮೇಲೆ ನನ್ನ ಮುಖ ನೋಡಿ, "ನಿಮಗೆ ಇದೆಲ್ಲ ಹೆಂಗೆ ಗೊತ್ತು?" ಎಂದು ಕೇಳಿದರು.

"ಅಪ್ಪಯ್ಯನೇ ಹೇಳಿಕೊಟ್ಟಿದ್ದು."

"ನಾನು ಹೇಳಿಕೊಟ್ಟಿದ್ದು ನಮ್ಮ ಮಾಣಿಗೆ," ಎಂದರು. "ಅವನು ಅಮೆರಿಕದಲ್ಲಿದ್ದಾನೆ. ಮುಂದಿನ ವರ್ಷ ಬರ್ತಾನಂತೆ."

ಮುಂದಿನ ವರ್ಷ. ಹದಿನೇಳು ವರ್ಷ ಫೋನಿನಲ್ಲಿ ನಾನು ಬರೆಸಿದ ನಮೂದು ಅದು. ಉಳಿದದ್ದೆಲ್ಲ ಅಳಿಸಿಹೋದರೂ ಅದೊಂದು ಅಲ್ಲಿ ಹಾಗೇ ಇತ್ತು.

ಮರುದಿನ ಬೆಳಿಗ್ಗೆ ಮಳೆ ಸ್ವಲ್ಪ ಬಿಟ್ಟಿತ್ತು. ಮಗಳಿಗೆ ಇಂಬಳಕ್ಕೆಂದು ಕಾಲಿಗೆ ಸುಣ್ಣ ಹಚ್ಚಿ ತೋಟಕ್ಕೆ ಕರೆದುಕೊಂಡು ಹೋದೆ. ಅವಳು ಒಂದು ನೋಟ್‌ಬುಕ್ ಹಿಡಿದುಕೊಂಡಿದ್ದಳು. ಬಾವಿ, ದರೆ, ಹಳ್ಳ ಎಂದು ಒಂದೊಂದೇ ಮರ ಮುಟ್ಟಿ, ಹೆಸರು ಕೇಳಿ, ತನ್ನ ವಕ್ರ ಕನ್ನಡದಲ್ಲಿ ಬರೆದುಕೊಂಡಳು. ತೆಂಗು ಆರೇ ಇದ್ದವು. ವಾಪಸು ಬಂದು ಜಗಲಿಯಲ್ಲಿ ಕೂತು ಅಜ್ಜನಿಗೆ ಪಟ್ಟಿ ಓದಿ ಹೇಳಿದಳು. ಅಪ್ಪಯ್ಯ ಕಣ್ಣು ಮುಚ್ಚಿ ಪೂರ್ತಿ ಕೇಳಿದರು.

"ಕಂಚಿ ಗಿಡ ಬಿಟ್ಟೆಯಲ್ಲೇ ಹುಡುಗಿ!" ಎಂದರು.

ನಾವಿಬ್ಬರೂ ಕೊಡೆ ಬಿಡಿಸಿಕೊಂಡು ಮತ್ತೆ ತೋಟಕ್ಕೆ ಇಳಿದೆವು.