ಹದಿಮೂರು ತಿಂಗಳು ಕಿರಿಯರು

ಕಮಲಾಪುರದಿಂದ ಬಸ್ಸು ಹಿಡಿದು ಕಲಬುರಗಿಯ ಟಾಕೀಸಿಗೆ ಬರುತ್ತಿದ್ದ ನಮ್ಮ ಮುತ್ಯಾನ ಕಣ್ಣು ರಾಜಕುಮಾರರ ಮೇಲಿರುತ್ತಿರಲಿಲ್ಲ, ನ್ಯೂಸ್ ರೀಲಿನ ಮೇಲಿರುತ್ತಿತ್ತು. ಸರ್ಕಾರದ ಫಿಲ್ಮ್ಸ್ ಡಿವಿಜನ್ನಿನ ಕಿರುಚಿತ್ರ ತೋರಿಸದೆ ಟಾಕೀಸಿನವರು ಆಟ ನಡೆಸುವಂತಿರಲಿಲ್ಲ. ಲೈಸೆನ್ಸಿನ ಷರತ್ತೇ ಅದು. ಹೆಚ್ಚಿನವರು ಆ ಹೊತ್ತಿಗೆ ಹೊರಗೆ ಬೀಡಿ ಸೇದುತ್ತ, ಶೇಂಗಾ ಬಿಡಿಸುತ್ತ ನಿಲ್ಲುವರು. ಮುತ್ಯಾ ಮಾತ್ರ ರುಮಾಲು ಬಿಚ್ಚಿ ತೊಡೆಯ ಮೇಲಿಟ್ಟುಕೊಂಡು ದೇಶ ನೋಡಲು ಸಿದ್ಧ.

ಪರದೆಯ ಮೇಲೆ ಹಿಮದ ಬೆಟ್ಟ, ಕಡಲು, ಅಣೆಕಟ್ಟು. "ಇದೆಲ್ಲಾ ನಮ್ದೇ ಏನಲೇ?"

"ಹೌದು ಮುತ್ಯಾ."

"ಹಂಗಾದ್ರ ಆ ನೀರು ಈ ಕಡಿ ಯಾಕ ಬರವಲ್ದು?"

ಹಿಂದಿನ ಸಾಲಿನವರು ನಗುತ್ತಿದ್ದರು. ನಮ್ಮ ಕರಿಮಣ್ಣು, ತೊಗರಿ ಹೊಲ, ಕಮಲಾಪುರದ ಕೆಂಪು ಬಾಳೆ ಆ ದೇಶದೊಳಗೆ ಕಂಡದ್ದು ನನಗಂತೂ ನೆನಪಿಲ್ಲ.

ಮೊನ್ನೆ ಎಸ್.ಎನ್.ಎಸ್. ಶಾಸ್ತ್ರಿಯವರ 'ಐ ಆ್ಯಮ್ 20' ನೋಡಿದೆ. ಅದೇ ಫಿಲ್ಮ್ಸ್ ಡಿವಿಜನ್ನಿನ 1967ರ ಕಪ್ಪುಬಿಳುಪು ಚಿತ್ರ. 1947ರ ಆಗಸ್ಟ್ 15ರಂದು ಹುಟ್ಟಿದ ಹುಡುಗ ಹುಡುಗಿಯರನ್ನು ಹುಡುಕಿ, ದೇಶದ ಬಗ್ಗೆ ಏನನ್ನಿಸುತ್ತದೆ ಎಂದು ಕೇಳುತ್ತ ಹೋಗುತ್ತಾರೆ. ಕನಸು, ಸಿಟ್ಟು, ಬೇಸರ ಯಾವುದಕ್ಕೂ ಕತ್ತರಿಯಿಲ್ಲ. ಸರ್ಕಾರದ ದುಡ್ಡಿನಲ್ಲಿ ಇಂಥದ್ದು ತೆಗೆದ ಧೈರ್ಯಕ್ಕೆ ನಮಸ್ಕಾರ.

ನೋಡುತ್ತಿದ್ದಂತೆ ನಮ್ಮ ಕಾಕಾ ನೆನಪಾದರು. ಅವರೂ ಅದೇ ಮಳೆಗಾಲದಲ್ಲಿ ಹುಟ್ಟಿದವರೇ. ಆದರೆ ಆಗ ನಮ್ಮದು ನಿಜಾಮನ ರಾಜ್ಯ, ಸಂತೆಯಲ್ಲಿ ಓಡುತ್ತಿದ್ದುದು ಅವನದೇ ನಾಣ್ಯ, ಹಾಲಿ ಸಿಕ್ಕಾ. ಭಾರತ ನಮ್ಮ ಮನೆಗೆ ಬಂದದ್ದು 1948ರ ಸೆಪ್ಟೆಂಬರ್ 17ರಂದು, ಹದಿಮೂರು ತಿಂಗಳು ತಡವಾಗಿ. "ಹುಟ್ಟಿದ್ದು ಒಂದು ರಾಜ್ಯದಾಗ, ನಡಿಯೋದು ಕಲತದ್ದು ಇನ್ನೊಂದರಾಗ" ಎನ್ನುತ್ತಿದ್ದರು ಕಾಕಾ. ಆಮೇಲೆ 1956ರಲ್ಲಿ ಮೈಸೂರು ರಾಜ್ಯ, 1973ರಲ್ಲಿ ಕರ್ನಾಟಕ. ಮನೆ ಮಾತ್ರ ಕಮಲಾಪುರದಲ್ಲೇ.

ಮುತ್ಯಾನ ಹುಚ್ಚು ಈಗ ಅರ್ಥವಾಗುತ್ತಿದೆ. ಕೂತ ಜಾಗದಿಂದ ಕದಲದೆ, ನಡುವಯಸ್ಸಿನಲ್ಲಿ ಹೊಸ ದೇಶಕ್ಕೆ ಬಂದವರು ಅವರು. ಹೊಸ ಸೊಸೆ ಅತ್ತೆಮನೆಯ ಕೋಣೆ ಕೋಣೆ ಇಣುಕುವಂತೆ ಒಂದೊಂದನ್ನೇ ನೋಡಿ ಲೆಕ್ಕ ಹಾಕಿಕೊಳ್ಳುತ್ತಿದ್ದರು. ಅವರಿಗೆ ಅದನ್ನೆಲ್ಲ ತೋರಿಸಿದ ಫಿಲ್ಮ್ಸ್ ಡಿವಿಜನ್ ಶುರುವಾದದ್ದೂ 1948ರಲ್ಲೇ.

'ಐ ಆ್ಯಮ್ 20' ಯೂಟ್ಯೂಬಿನಲ್ಲಿದೆ, ಇಪ್ಪತ್ತು ನಿಮಿಷವೂ ಇಲ್ಲ. ನೋಡುವಾಗ ಪಕ್ಕದಲ್ಲಿ ನಮ್ಮ ಕಡೆಯ ಹಿರಿಯರೊಬ್ಬರನ್ನು ಕೂರಿಸಿಕೊಳ್ಳಿ. ಶಾಸ್ತ್ರಿಯವರು ಕೇಳಿದ ಪ್ರಶ್ನೆಗಳನ್ನು ಅವರಿಗೂ ಕೇಳಿ.